ಬಿರಿದ ಕೇಕಿನ ಮೇಲೆ ಕಾಯಿತುರಿ

"ಇನ್ನೊಂದು ಚೊಂಬು ಹುಯ್ಯಪ್ಪ, ಕಿವಿ ಹಿಂದೆ ಇನ್ನೂ ಐತೆ," ಎಂದ ಆವಲಪ್ಪ.

ಮನೆ ಮುಂದೆ ಹಲಗೆಯ ಮೇಲೆ ಕೂರಿಸಿದ್ದ ತಮ್ಮ ನಲ್ಲಪ್ಪನ ಹೆಣವನ್ನು ಅವನು ಹಿಂದಿನಿಂದ ತಬ್ಬಿ ಹಿಡಿದಿದ್ದ. ಯಾರೋ ಬಿಸಿನೀರು ಹುಯ್ದರು. ಕಿವಿಯ ಹಿಂದೆ ಮೆತ್ತಿಕೊಂಡಿದ್ದ ಮೈದಾ ತೊಳೆದುಹೋಗುವ ಬದಲು ಅಂಟಂಟಾಗಿ ಕತ್ತಿಗೆ ಇಳಿಯಿತು. ಶಿಡ್ಲಘಟ್ಟದ ಬಸ್‌ಸ್ಟ್ಯಾಂಡ್ ಪಕ್ಕ ಬೇಕರಿ ನಡೆಸುತ್ತಿದ್ದ ನಲ್ಲಪ್ಪ, ಹಿಂದಿನ ಸಂಜೆ ಬ್ರೆಡ್ಡಿಗೆ ಹಿಟ್ಟು ನಾದುತ್ತಿದ್ದವನು, ಎದೆ ಹಿಡಿದುಕೊಂಡು ಮೈದಾ ಮೂಟೆಗೆ ಒರಗಿದ್ದ. ಮತ್ತೆ ಏಳಲಿಲ್ಲ.

ಹೆಂಡತಿ ಅಶ್ವತ್ಥಮ್ಮ ಜನರನ್ನು ಸರಿಸಿಕೊಂಡು ಬಂದು, ಸೆರಗಿನ ತುದಿ ಒದ್ದೆ ಮಾಡಿ ಅವನ ಕತ್ತು ಉಜ್ಜಿದಳು. "ಈ ಹಾಳು ಮೈದಾ ಇವತ್ತಾದ್ರೂ ನಮ್ಮನ್ನ ಬಿಡಬಾರ್ದಾ," ಎಂದು ಗಟ್ಟಿಯಾಗಿಯೇ ಅಂದಳು. ದುಃಖದಲ್ಲಿ ಏನೋ ಅನ್ನುತ್ತಾಳೆ ಎಂದುಕೊಂಡು ಇನ್ನೊಂದು ಚೊಂಬು ಹುಯ್ದರು.

ಅಷ್ಟರಲ್ಲಿ ಗೌರಿಬಿದನೂರಿನ ಜೀಪು ಬಂದು ನಿಂತಿತು. ಮೊದಲು ಇಳಿದವಳು ಬೀಗಿತ್ತಿ ಕದಿರಮ್ಮ. ಅವಳ ಮೈಯೂ ದೊಡ್ಡದು, ಬಾಯಿಯೂ ದೊಡ್ಡದು. ಹಿಂದೆ ಅಳಿಯ ಚಲಪತಿ ಇಳಿದ. ಅವನ ತೋಳು ಹಿಡಿದು ಇಳಿದವಳು ಮಗಳು ನಾಗವೇಣಿ. ನಾಲ್ಕು ತಿಂಗಳ ಬಸುರಿ, ಆದರೆ ನೋಡಿದರೆ ಯಾರೂ ಹಾಗೆ ಹೇಳುವಂತಿರಲಿಲ್ಲ. ಕೆನ್ನೆಗಳು ಒಳಗೆ ಹೋಗಿದ್ದವು, ರವಿಕೆಯ ತೋಳು ಜೋಲುತ್ತಿತ್ತು.

"ಬಸುರಿ ಹೆಣ ನೋಡ್ಬಾರ್ದು ಅಂತ ಎಲ್ರೂ ಬಡ್ಕೊಂಡ್ರು. ಹೆತ್ತಪ್ಪನ್ನ ನೋಡ್ದೆ ಹೆಂಗಿರ್ತಾಳೆ, ನಾನೇ ಕರ್ಕೊಂಡು ಬಂದೆ," ಎಂದು ಕದಿರಮ್ಮ ಅಶ್ವತ್ಥಮ್ಮನನ್ನು ಬಾಚಿ ತಬ್ಬಿಕೊಂಡು ಅತ್ತಳು. ಅತ್ತು ಮುಗಿಸಿ ಮೂಗು ಒರೆಸಿಕೊಂಡು, "ನೋಡಕ್ಕಾ ನಿನ್ ಮಗಳ್ನ. ಎರಡು ಸಲ ನಿಲ್ಲಲಿಲ್ಲ, ಇದಾದ್ರೂ ನಿಲ್ಲತ್ತೋ ಇಲ್ವೋ. ಊರೋರು ನನ್ನ ಕೇಳ್ತಾರೆ, ಸೊಸೆಗೆ ಊಟ ಹಾಕ್ತೀಯೇನಮ್ಮ ಅಂತ. ನಾನೇನ್ ಅವಳ್ನ ಉಪವಾಸ ಕೆಡವಿದೀನಾ?" ಎಂದಳು.

ಅಶ್ವತ್ಥಮ್ಮ ನೆಲ ನೋಡಿದಳು.

ಅವರ ಕಡೆ ಒಂದು ಪದ್ಧತಿಯಿದೆ. ಸಾವಾದ ಮನೆಯಲ್ಲಿ ಅವತ್ತು ಒಲೆ ಹಚ್ಚುವಂತಿಲ್ಲ, ಊಟ ಬೀಗರದು. ಮಣ್ಣು ಮಾಡಿ ಬಂದು ದೀಪ ನೋಡಿದ ಮೇಲೆ ಮದುವೆಯಾದ ಮಗಳ ಬಾಯಿಗೆ ಮೊದಲ ತುತ್ತನ್ನು ಅವಳ ಅತ್ತೆ ಇಡಬೇಕು. ಅವಳು ನುಂಗುವವರೆಗೆ ಉಳಿದವರು ಎಲೆಗೆ ಕೈ ಹಾಕುವುದಿಲ್ಲ. ಕದಿರಮ್ಮ ಜೀಪಿನಿಂದ ಒಂದು ಚೀಲ ಇಳಿಸಿದಳು.

"ಬನ್ಸಿ ರವೆ ತಂದಿದೀನಿ. ಪಕ್ಕದ ಮನೆಯೋರ ಒಲೆ ಕೊಡ್ಸಕ್ಕಾ, ಉಪ್ಪಿಟ್ಟು ಕೆದಕ್ಬಿಡ್ತೀನಿ."

"ಅನ್ನಕ್ಕೇ ಇಟ್ಬಿಡಮ್ಮ. ಅನ್ನ, ಒಂದಿಷ್ಟು ಸಾರು ಸಾಕು," ಎಂದಳು ಅಶ್ವತ್ಥಮ್ಮ.

"ಇಷ್ಟು ಜನಕ್ಕೆ ಅನ್ನ ಬೇಯೋದು ಯಾವಾಗ? ನೀನು ಸುಮ್ನಿರಕ್ಕಾ. ಇವತ್ತು ನಿಂದೇನೂ ನಡಿಯಲ್ಲ."

ನಾಗವೇಣಿ ತಾಯಿಯ ಕಡೆ ನೋಡಿದಳು. ಗೋಧಿ ಅವಳ ಪಾಲಿಗೆ ವಿಷ. ಅದು ಗೊತ್ತಿದ್ದವರು ಮೂವರೇ. ಈಗ ಇಬ್ಬರು.

*

ಮಗಳಿಗೆ ಆರು ತುಂಬುವಾಗ ಹೊಟ್ಟೆ ಮಡಕೆಯಂತೆ ಉಬ್ಬಿ, ಕೈಕಾಲು ಕಡ್ಡಿಯಾಗಿದ್ದವು. ತಿಂದದ್ದೆಲ್ಲ ಭೇದಿಯಾಗಿ ಹೋಗುತ್ತಿತ್ತು. ದೃಷ್ಟಿ ತೆಗೆಸಿದ್ದಾಯಿತು, ತಾಯತ ಕಟ್ಟಿಸಿದ್ದಾಯಿತು. ಕೊನೆಗೆ ಬೆಂಗಳೂರಿನ ಮಕ್ಕಳ ಡಾಕ್ಟರೊಬ್ಬರು ಪರೀಕ್ಷೆ ಮಾಡಿಸಿ, "ಗೋಧಿ, ರವೆ, ಮೈದಾ ಯಾವುದೂ ಇವಳ ಬಾಯಿಗೆ ಬೀಳಬಾರದು. ಒಂದು ಚೂರು ಕೂಡ. ಜೀವ ಇರೋವರೆಗೂ," ಎಂದರು.

"ಸಾರ್, ನಾನು ಬೇಕರಿಯೋನು," ಎಂದ ನಲ್ಲಪ್ಪ.

ಡಾಕ್ಟರಿಗೆ ನಗು ತಡೆಯಲಾಗಲಿಲ್ಲ. ನಲ್ಲಪ್ಪ ನಗಲಿಲ್ಲ.

ಮುದ್ದೆ, ಅನ್ನದಲ್ಲೇ ಹುಡುಗಿ ಚೇತರಿಸಿಕೊಂಡಳು. ಮಳೆಗಾಲ ಮುಗಿಯುವಷ್ಟರಲ್ಲಿ ಕೆನ್ನೆ ತುಂಬಿದವು. ಆದರೆ ಬೇಕರಿಯವನ ಮಗಳು! ಊರಿನ ಮಕ್ಕಳೆಲ್ಲ ಗಾಜಿನ ಪೆಟ್ಟಿಗೆಗೆ ಮೂಗು ಒತ್ತಿ ಬೇಕಾದ್ದು ಕೇಳುವಾಗ ಇವಳು ಗಲ್ಲಾ ಪಕ್ಕದಲ್ಲಿ ಕಡ್ಲೆಪುರಿ ಮುಕ್ಕುತ್ತ ಕೂತಿರುತ್ತಿದ್ದಳು. ಅದನ್ನು ನೋಡಲಾಗದೆ ನಲ್ಲಪ್ಪ ರಾಗಿಹಿಟ್ಟಿಗೆ ಕೈ ಹಾಕಿದ. ಅದನ್ನು ಪಂಚೆಯಲ್ಲಿ ಜಾಲಿಸಿದ, ಕೋಕೋ ಪುಡಿ ಬೆರೆಸಿದ, ಮೊಟ್ಟೆ ಒಡೆದು ಹಾಕಿ ತೋಳು ಬೀಳುವವರೆಗೆ ಕಡೆದ. ರಾಗಿಗೆ ಜಿಗುಟಿಲ್ಲ. ಕೇಕು ಬೂದಿಯ ಹಾಗೆ ಉದುರಿತು. ಕಳಿತ ಬಾಳೆಹಣ್ಣು ಕಿವುಚಿ ಹಾಕಿದ ಮೇಲೆ ಹೇಗೋ ಹಿಡಿದುಕೊಂಡಿತು, ಆದರೂ ಮೇಲೆಲ್ಲ ಬತ್ತಿದ ಕೆರೆಯಂತೆ ಬಿರಿದಿತ್ತು. ಅವನು ಕಾಯಿತುರಿಯನ್ನು ಸಕ್ಕರೆಯಲ್ಲಿ ಬಾಡಿಸಿ ಬಿರುಕುಗಳ ಮೇಲೆ ದಪ್ಪಗೆ ಹರಡಿದ.

"ಒಡೆದಿರೋದು ಕಾಣ್ಬಾರ್ದು ಕಣೇ. ಮಗು ಬೇಜಾರು ಮಾಡ್ಕೊಳತ್ತೆ," ಎಂದ ಹೆಂಡತಿಗೆ.

ಇನ್ನೊಂದು ತೊಡಕಿತ್ತು. ಬೇಕರಿಯ ಭಟ್ಟಿಯ ಒಳಗೆ, ತಟ್ಟೆಗಳಲ್ಲಿ, ಸಲಿಕೆಯ ಹಿಡಿಯಲ್ಲಿ, ಎಲ್ಲಿ ನೋಡಿದರೂ ಮೈದಾ. ವರ್ಷಕ್ಕೊಮ್ಮೆ ಆಯುಧಪೂಜೆಗೆ ಮಾತ್ರ ಬೆಂಕಿ ಆರಿಸಿ, ಭಟ್ಟಿ ಕೆರೆದು, ತಟ್ಟೆಗಳನ್ನೆಲ್ಲ ಸೀಗೆಪುಡಿಯಲ್ಲಿ ತಿಕ್ಕಿ ತೊಳೆಯುತ್ತಿದ್ದರು. ಹಾಗಾಗಿ ಮಾರನೆಯ ಬೆಳಗ್ಗೆ, ಮೈದಾ ಮೂಟೆ ಬಿಚ್ಚುವುದಕ್ಕೆ ಮುಂಚೆ, ಭಟ್ಟಿಗೆ ಮೊದಲು ಹೋಗುತ್ತಿದ್ದದ್ದು ನಾಗವೇಣಿಯ ಕೇಕು. ಅವಳು ಹುಟ್ಟಿದ್ದು ಯುಗಾದಿಯ ಆಸುಪಾಸಿನಲ್ಲಿ. ಹುಟ್ಟುಹಬ್ಬ ಮಾತ್ರ ವಿಜಯದಶಮಿಗೆ.

"ಎಲ್ರಿಗೂ ಹುಟ್ಟಿದ ದಿನ ಹುಟ್ಟುಹಬ್ಬ. ನಂಗೆ ಮಾತ್ರ ಭಟ್ಟಿ ತೊಳೆದ ದಿನ," ಎಂದು ಹುಡುಗಿ ಬಾಯಿ ತುಂಬ ಕೇಕು ತುಂಬಿಕೊಂಡು ನಗುತ್ತಿದ್ದಳು. ತುಟಿಯ ಸುತ್ತ ಕಾಯಿತುರಿ ಅಂಟಿರುತ್ತಿತ್ತು.

*

ನಲ್ಲಪ್ಪನನ್ನು ಎತ್ತಿಕೊಂಡು ಹೊಲದ ಕಡೆ ಹೋದರು. ತಮಟೆಯ ಸದ್ದು ದೂರವಾಗುತ್ತಿದ್ದಂತೆ ಪಕ್ಕದ ಮನೆಯಿಂದ ರವೆ ಹುರಿಯುವ ಘಮ ಬಂತು. ಅಶ್ವತ್ಥಮ್ಮ ಮಗಳನ್ನು ಹಿತ್ತಲಿಗೆ ಕರೆದುಕೊಂಡು ಹೋದಳು.

"ತಿಂದಂಗ್ ಮಾಡಿ ಸೆರಗಿಗೆ ಹಾಕ್ಕೊಂಬಿಡಮ್ಮ. ಆಮೇಲೆ ನಾನು ಅನ್ನ ತರಿಸ್ಕೊಡ್ತೀನಿ."

"ಸೆರಗಿಗೆ ಹಾಕ್ಕೊಂಡೂ ಹಾಕ್ಕೊಂಡೂ ಸಾಕಾಗೈತವ್ವಾ," ಎಂದಳು ನಾಗವೇಣಿ. ಅವಳು ಅಳುತ್ತಿರಲಿಲ್ಲ, ಅದೇ ಅಶ್ವತ್ಥಮ್ಮನಿಗೆ ಹೆಚ್ಚು ಭಯ ಹುಟ್ಟಿಸಿತು. "ಎಷ್ಟು ದಿನ ಅಂತ ಬಚ್ಚಿಡ್ಲಿ? ನನ್ ಅತ್ತೆ ಪಕ್ಕದಲ್ಲೇ ಕೂತು ಬಡಿಸ್ತಾಳೆ, ಬಸುರಿ ತಿನ್ನು ತಿನ್ನು ಅಂತ. ತಿಂತೀನಿ. ಆಮೇಲೆ ಬಚ್ಚಲಿಗೆ ಹೋಗಿ ಕಕ್ತೀನಿ. ಅಪ್ಪ ಮೊನ್ನೆ ಬಂದಾಗ್ಲೂ ಹೇಳಕ್ಕೆ ಅಂತ ಬಾಯಿ ತೆಗೆದ್ರು. ನಿಮ್ಮವ್ವನ ಆಣೆ ಐತಲ್ಲಮ್ಮ ಅಂತ ಸುಮ್ನಾದ್ರು."

ಅಶ್ವತ್ಥಮ್ಮ ಮಗಳ ಜೋಲುವ ರವಿಕೆಯ ತೋಳನ್ನು ಮೇಲಕ್ಕೆ ಸರಿಸಿದಳು.

*

ಸಂಬಂಧ ಕೂಡಿಬಂದಾಗ ನಲ್ಲಪ್ಪ ಎಲ್ಲವನ್ನೂ ಹೇಳಿಯೇ ಮಗಳನ್ನು ಕೊಡೋಣ ಎಂದಿದ್ದ.

"ಕಾಯಿಲೆ ಹುಡುಗಿ ಅಂದ್ರೆ ಯಾರ್ ಕಟ್ಕೋತಾರೆ?" ಎಂದು ಅಶ್ವತ್ಥಮ್ಮ ಅವನ ಬಾಯಿ ಮುಚ್ಚಿಸಿದ್ದಳು. "ಬೇಕರಿಯೋನ ಮಗಳಿಗೆ ಮೈದಾ ಆಗಲ್ವಂತೆ ಅಂತ ಊರೆಲ್ಲ ನಗ್ತಾರೆ. ಅವರದೂ ಮುದ್ದೆ ಉಣ್ಣೋ ಮನೆ ತಾನೇ? ಮೂರು ಗಂಟು ಬೀಳ್ಲಿ, ಆಮೇಲೆ ಹೇಳಣ."

ಆ ಆಮೇಲೆ ಬರಲೇ ಇಲ್ಲ. ಮದುವೆಯಾದ ವರ್ಷವೇ ನಾಗವೇಣಿಯ ಮಾವನಿಗೆ ಸಕ್ಕರೆ ಕಾಯಿಲೆ ಅಂಟಿಕೊಂಡಿತು. ಅವನೊಬ್ಬನಿಗೆ ಬೇರೆ ಅಡುಗೆ ಯಾಕೆಂದು ರಾತ್ರಿ ಇಡೀ ಮನೆಗೆ ಚಪಾತಿಯಾಯಿತು. ನಲ್ಲಪ್ಪ ತಿಂಗಳು ತಿಂಗಳು ಹಿತ್ತಲಲ್ಲಿ ಇದ್ದಿಲ ಒಲೆಯ ಮೇಲೆ ಬೋಗಣಿಗೆ ಮರಳು ತುಂಬಿ, ಅದರೊಳಗೆ ರಾಗಿ ಕೇಕು ಬೇಯಿಸಿ, ಡಬ್ಬದಲ್ಲಿಟ್ಟುಕೊಂಡು ಗೌರಿಬಿದನೂರಿಗೆ ಹೋಗುತ್ತಿದ್ದ. "ಮಗಳ ಮೇಲೆ ಎಷ್ಟು ಪ್ರಾಣ ನೋಡ್ರೋ!" ಎಂದು ಕದಿರಮ್ಮ ಮನೆಯವರಿಗೆಲ್ಲ ಹಂಚಿ, ತಾನೂ ಎರಡು ತುಂಡು ತಿನ್ನುತ್ತಿದ್ದಳು. ಯಾರ ಹೊಟ್ಟೆಗೆಂದು ತಂದಿದ್ದನೋ ಅವಳಿಗೆ ಒಂದು ತುಂಡು ದಕ್ಕಿದರೆ ಅದೇ ಹೆಚ್ಚು.

ಎರಡನೆಯ ಬಸಿರೂ ಹೋದ ಸುದ್ದಿ ಬಂದಾಗ ನಲ್ಲಪ್ಪ ಎದ್ದು ಅಂಗಿ ಹಾಕಿಕೊಂಡ. "ಇವತ್ತು ಹೇಳ್ಬಿಡ್ತೀನಿ. ಓಡಿಸಿದ್ರೆ ಓಡಿಸ್ಲಿ. ಜೀವಂತ ವಾಪಸ್ ಬರ್ತಾಳಲ್ಲ."

ಅಶ್ವತ್ಥಮ್ಮ ಬಾಗಿಲಿಗೆ ಅಡ್ಡ ನಿಂತು ತಾಳಿ ಹಿಡಿದುಕೊಂಡಳು. "ಹೇಳಿದ್ರೆ ನನ್ ಹೆಣ ನೋಡ್ತೀಯ."

ಅವನು ಅಂಗಿ ಬಿಚ್ಚಿ ಗೂಟಕ್ಕೆ ಹಾಕಿ, ರಾಗಿಹಿಟ್ಟು ಜಾಲಿಸಲು ಕೂತ. ಗಂಡ ಬಿಟ್ಟು ಬಂದವಳು ಎಂದು ಮಗಳನ್ನು ಊರು ಆಡಿಕೊಳ್ಳುತ್ತದಲ್ಲ ಎಂಬುದೊಂದೇ ಅವಳ ಹೆದರಿಕೆಯಾಗಿತ್ತು. ಮಗಳು ಸತ್ತೂ ಹೋಗಬಹುದು ಎಂದು ಅವಳಿಗೆ ಹೊಳೆದಿರಲಿಲ್ಲ ಎನ್ನುವ ಹಾಗೂ ಇಲ್ಲ. ಹೊಳೆದಾಗಲೆಲ್ಲ ಬೇರೆ ಕೆಲಸ ಹಿಡಿಯುತ್ತಿದ್ದಳು.

*

ಗಂಡಸರು ಸ್ನಾನ ಮಾಡಿ ಬಂದು, ಹೆಣ ಮಲಗಿಸಿದ್ದ ಜಾಗದಲ್ಲಿ ಹಚ್ಚಿಟ್ಟ ದೀಪ ನೋಡಿ ಸಾಲಾಗಿ ಕೂತರು. ಮುತ್ತುಗದ ಎಲೆಗಳ ಮೇಲೆ ಹಬೆಯಾಡುವ ಉಪ್ಪಿಟ್ಟು ಬಿತ್ತು. ಬೆಳಗಿನಿಂದ ಯಾರ ಹೊಟ್ಟೆಗೂ ಏನೂ ಬಿದ್ದಿರಲಿಲ್ಲ. ಎಲ್ಲರೂ ಕೈ ಮಡಿಚಿಕೊಂಡು ಕದಿರಮ್ಮನನ್ನೇ ನೋಡುತ್ತಿದ್ದರು.

ಕದಿರಮ್ಮ ಸೊಸೆಯ ಎದುರು ಮಂಡಿಯೂರಿ ಕೂತು, ಉಪ್ಪಿಟ್ಟನ್ನು ಊದಿ ಊದಿ ಆರಿಸಿದಳು. "ಏಡವಕೇ ತಲ್ಲಿ, ಅಳಬೇಡ. ಅಪ್ಪ ಹೋದ್ರೆ ನಾನಿಲ್ವಾ? ಬಾಯಿ ತೆಗಿ."

ನಾಗವೇಣಿ ಬಾಯಿ ತೆಗೆದಳು. ತುತ್ತು ಒಳಗೆ ಹೋಯಿತು. ಅವಳು ಅಗಿಯಲಿಲ್ಲ. ಕಣ್ಣು ಮುಚ್ಚಿಕೊಂಡಳು, ಕೈ ತಾನಾಗಿ ಹೊಟ್ಟೆಯ ಮೇಲೆ ಹೋಯಿತು.

"ನುಂಗ್ಬೇಡ್ವೇ!"

ತನ್ನದೇ ಕೂಗಿಗೆ ಅಶ್ವತ್ಥಮ್ಮ ಬೆಚ್ಚಿದಳು. ಸಾಲಿನಲ್ಲಿ ಕೂತವರೆಲ್ಲ ತಲೆಯೆತ್ತಿದರು.

"ಏನಕ್ಕಾ ಇದು, ಶಾಸ್ತ್ರದ ತುತ್ತು," ಎಂದಳು ಕದಿರಮ್ಮ.

"ಅವಳಿಗೆ ಗೋಧಿ ಆಗಲ್ಲ ಕದಿರಮ್ಮ. ರವೆ ಆಗಲ್ಲ, ಚಪಾತಿ ಆಗಲ್ಲ. ಮೈಗೆ ಹಿಡಿಯೋದೇ ಇಲ್ಲ, ಒಳಗೊಳಗೇ ತಿಂದಾಕತ್ತೆ. ಚಿಕ್ಕೋಳಿದ್ದಾಗ್ಲೇ ಡಾಕ್ಟ್ರು ಹೇಳಿದ್ರು. ನಾನೇ ಮುಚ್ಚಿಟ್ಟೆ. ಅವಳಪ್ಪ ಹೇಳ್ತೀನಿ ಅಂದ, ಆಣೆ ಹಾಕಿ ನಿಲ್ಲಿಸಿದೆ. ಅವನು ನಿಮ್ಮನೆಗೆ ತಂದು ಕೊಡ್ತಿದ್ನಲ್ಲ, ಅದು ರಾಗೀದು. ಅದೊಂದೇ ಅವಳು ತಿನ್ನಬಹುದಾಗಿದ್ದ ಕೇಕು."

ಚಲಪತಿ ಎದ್ದು ನಿಂತ. "ಏನಮ್ಮಾ ನೀವು... ಮದ್ವೆಗೆ ಮುಂಚೆ ಒಂದು ಮಾತು..." ಆವಲಪ್ಪ ಅವನ ಕೈ ಹಿಡಿದು ಕೂರಿಸಿದ.

ಕದಿರಮ್ಮ ಬಾಯಿ ತೆರೆದಳು. ಈಗ ಬೈಗುಳ ಬರುತ್ತದೆ ಎಂದು ಅಶ್ವತ್ಥಮ್ಮ ತಲೆ ಬಗ್ಗಿಸಿ ಕಾದಳು. ಎಷ್ಟು ಬೈದರೂ ಬೈಯಲಿ ಎನ್ನಿಸಿತು. ಆದರೆ ಆ ದೊಡ್ಡ ಬಾಯಿಯಿಂದ ಬಂದದ್ದು ಸಣ್ಣ ದನಿ.

"ನಾನೇ ಹಾಕ್ತಿದ್ದೆ. ಎರಡು ಚಪಾತಿ ಸಾಕು ಅತ್ತೆ ಅಂದ್ರೆ ಇನ್ನೊಂದು ಹಾಕ್ತಿದ್ದೆ. ಬಸುರಿ ತಿನ್ಲಿ ಅಂತ. ತುಪ್ಪ ಸವರಿ ಹಾಕ್ತಿದ್ದೆ."

ಎಲೆಗಳ ಮೇಲೆ ಉಪ್ಪಿಟ್ಟು ಆರುತ್ತಿತ್ತು. ನಾಗವೇಣಿಯ ಒಂದು ಕೆನ್ನೆ ಉಬ್ಬಿಕೊಂಡೇ ಇತ್ತು. ನುಂಗಲೂ ಆಗದೆ ಉಗಿಯಲೂ ಆಗದೆ ಅವಳು ಅತ್ತೆಯನ್ನೇ ನೋಡುತ್ತಿದ್ದಳು. ಶಾಸ್ತ್ರದ ತುತ್ತು, ಅತ್ತೆಯ ಕೈಯದು, ಅಪ್ಪನ ಸಾವಿನ ದಿನದ್ದು.

ಕದಿರಮ್ಮ ಬಲಗೈಯನ್ನು ಬೊಗಸೆಯಂತೆ ಮಾಡಿ ಸೊಸೆಯ ಗಲ್ಲದ ಕೆಳಗೆ ಹಿಡಿದಳು.

"ಉಗಿಯೇ."

ನಾಗವೇಣಿ ಅಲ್ಲಾಡಲಿಲ್ಲ.

"ಉಗಿಯಮ್ಮಾ. ನನ್ ಕೈಗೇ ಉಗಿ."

ನಾಗವೇಣಿ ಬಗ್ಗಿ ಅತ್ತೆಯ ಅಂಗೈಗೆ ಉಗಿದಳು. ನಾಲಗೆಗೆ ಅಂಟಿದ್ದ ಒಂದೆರಡು ಕಾಳುಗಳನ್ನು ಕದಿರಮ್ಮ ಎಡಗೈ ಬೆರಳಿನಿಂದ ತೆಗೆದು, ಸೆರಗಿನಿಂದ ಅವಳ ತುಟಿ ಒರೆಸಿದಳು. ಅಶ್ವತ್ಥಮ್ಮನ ಕಡೆ ತಿರುಗಿಯೂ ನೋಡಲಿಲ್ಲ. ಆ ಎಂಜಲನ್ನು ಎಲ್ಲಿ ಹಾಕಬೇಕೆಂದು ತೋಚದವಳಂತೆ, ಹಸಿದು ಕೂತ ಅಷ್ಟೂ ಜನರ ನಡುವೆ, ಮುಷ್ಟಿ ಬಿಗಿಹಿಡಿದುಕೊಂಡು ಮಂಡಿಯೂರಿಯೇ ಇದ್ದಳು. ಬೆರಳ ಸಂದಿನಿಂದ ರವೆ ಬೆರೆತ ಜೊಲ್ಲು ಮಣಿಕಟ್ಟಿಗೆ ಇಳಿಯುತ್ತಿತ್ತು.