ಬಂಡೆರಾಯನಿಗೆ ಬಿದ್ದ ಪೆಟ್ಟು ನನ್ನದು

ನಾನು ಒಂದು ಸುತ್ತಿಗೆ. ನನ್ನನ್ನು ಹುಡುಕಿಕೊಂಡು ಕುಲುಮೆಗೆ ಹೋಗಬೇಡಿ. ಫೋನಿನಲ್ಲಿ ಆಡುವ 'ಏಳು ಕೋಟೆ' ಎಂಬ ಆಟದೊಳಗೆ ಹುಟ್ಟಿದ ಸುತ್ತಿಗೆ ನಾನು. ಕಣ್ಣಿಗೆ ಕಬ್ಬಿಣ, ಕಣ್ಣಿಗೆ ಮರ. ಮುಟ್ಟಿದರೆ ಬರೀ ಗಾಜು.

ನನ್ನನ್ನು ಮಾಡಿದವರು ಕತ್ತಿಗಾಗಿ ಒಂದು ತಿಂಗಳು ಕೂತಿದ್ದರು. ಹಿಡಿಗೆ ಕೆಂಪು ಹರಳು, ಅಲುಗಿನ ಉದ್ದಕ್ಕೂ ಹರಿಯುವ ಬೆಂಕಿ, ಒರೆಯಿಂದ ಎಳೆದರೆ ಅದಕ್ಕೇ ಬೇರೆ ಸಂಗೀತ. ನನಗೆ ಕೊಟ್ಟದ್ದು ಒಂದು ಮಧ್ಯಾಹ್ನ, ಅದೂ ಚಹಾ ಬರುವ ತನಕ. ಮಿಕ್ಕ ಮಣ್ಣಿನ ಬಣ್ಣ ಬಳಿದು, ಕೆಳಗೆ ಒಂದು ಸಾಲು ಗೀಚಿದರು: 'ಕೂಲಿಯವನ ಸುತ್ತಿಗೆ. ಜಜ್ಜುತ್ತದೆ. ಮಾರಲು ಬರುವುದಿಲ್ಲ.' ನನ್ನ ಜಾತಕ ಇಷ್ಟೇ.

ಆ ಲೋಕದಲ್ಲಿ ಹೊಡೆತಕ್ಕೂ ಜಾತಿಯುಂಟು. ಕತ್ತಿ ಕೊಯ್ಯುತ್ತದೆ, ಬಾಣ ಇರಿಯುತ್ತದೆ. ಬೆಂಕಿ, ಮಂಜು, ಸಿಡಿಲು, ವಿಷಗಳಿಗೆ ಮಂತ್ರದ ಮನೆತನ. ಎಲ್ಲರ ಕೊನೆಗೆ, ಚಪ್ಪಲಿ ಬಿಡುವ ಜಾಗದಲ್ಲಿ, ಜಜ್ಜುವ ನಾನು. ಒಂದೊಂದು ಕೋಟೆಗೂ ಒಬ್ಬ ದೊರೆ. ಆಡುವವರು ಅವನನ್ನು ಬಾಸ್ ಎನ್ನುತ್ತಾರೆ. ಒಬ್ಬೊಬ್ಬ ಬಾಸ್‌ಗೂ ಅವರವರದೇ ತಡೆಗಳು, ಆ ಬಗೆಯ ಹೊಡೆತ ಅವರಿಗೆ ತಾಗದು. ಮಂಜಿನ ರಾಣಿಗೆ ಮಂಜು ಎರಚಿದರೆ ನಗುತ್ತಾಳೆ, ಬೆಂಕಿ ತೋರಿಸಿದರೆ ಅಳುತ್ತಾಳೆ. ತಡೆಯಿರುವ ಕಡೆ ಹೊಡೆದರೆ ಅವರ ತಲೆಯ ಮೇಲೆ ಬೂದು ಬಣ್ಣದ ಸೊನ್ನೆ ತೇಲುತ್ತದೆ. ತಡೆಯಿಲ್ಲದ ಕಡೆ ಹೊಡೆದರೆ ಕೆಂಪು ಅಂಕಿ. ಮಗುವಿಗೂ ತಿಳಿಯುವ ಲೆಕ್ಕ. ಆದರೆ ಕೈಯಲ್ಲಿ ಹರಳಿನ ಕತ್ತಿ ಇರುವವರಿಗೆ ಸೊನ್ನೆ ಕಾಣುವುದಿಲ್ಲ. ಕತ್ತಿಯಷ್ಟೇ ಕಾಣುತ್ತದೆ.

ನನ್ನ ಮೊದಲ ಒಡೆಯ ಹತ್ತು ನಿಮಿಷ ಹಿಡಿದು, ತುಕ್ಕು ಕತ್ತಿಯೊಂದು ಸಿಕ್ಕಿದ್ದೇ ನನ್ನನ್ನು ಕೋಳಿಗೂಡಿಗೆ ಎಸೆದ. ಎರಡನೆಯವನು ನನ್ನಿಂದ ಊರಿನವರ ಮಡಕೆಗಳನ್ನೆಲ್ಲ ಒಡೆದ. ಅದಕ್ಕೆ ಪರಾಕ್ರಮ ಎಂದು ಹೆಸರಿಟ್ಟ. ಮೂರನೆಯವನ ಪೆಟ್ಟಿಗೆಯಲ್ಲಿ ಮುನ್ನೂರು ಸಾಮಾನಿನ ಕೆಳಗೆ ಕೊಳೆತೆ. ಒಂದು ದಿನ ಅವನೇ ನನ್ನನ್ನು ದಾರಿಗೆ ಸುರಿದು ಹೋದ. ಇವರನ್ನು ವೀರರು ಎಂದು ಕರೆಯುವ ಬಾಯಿಗೆ ಇಷ್ಟು ಮಣ್ಣು ಬೀಳಲಿ.

ದಾರಿಯಿಂದ ನನ್ನನ್ನು ಎತ್ತಿಕೊಂಡವಳು ಹುಲಿಗೆಮ್ಮ.

ಹುಲಿಗೆಮ್ಮ ಇಳಕಲ್ಲಿನ ಒಂದು ಗ್ರಾನೈಟ್ ಫ್ಯಾಕ್ಟರಿಯಲ್ಲಿ ಕಲ್ಲಿನ ಮೇಲೆ ಅಕ್ಷರ ಕೆತ್ತುವವಳು. ಅಡಿಗಲ್ಲು, ಉದ್ಘಾಟನೆಯ ಕಲ್ಲು, ಗೋರಿಯ ಕಲ್ಲು. ಮಂತ್ರಿಯ ಹೆಸರು, ಅಧ್ಯಕ್ಷರ ಹೆಸರು, ಅಧ್ಯಕ್ಷರ ತೀರಿಹೋದ ತಾಯಿಯ ಹೆಸರು. ಹನ್ನೊಂದು ವರ್ಷ ಊರಿನವರ ಹೆಸರನ್ನೆಲ್ಲ ಕೆತ್ತಿದ ಆ ಕೈಯ ಹೆಸರು ಒಂದು ಕಲ್ಲಿನ ಮೇಲೂ ಇಲ್ಲ. ಊಟದ ಬಿಡುವಿನಲ್ಲಿ ಶೆಡ್ಡಿನ ನೆರಳಿಗೆ ಕೂತು ಫೋನ್ ತೆರೆಯುತ್ತಿದ್ದಳು. ಕೆಳಗಿನಿಂದ ನೋಡುವ ನನಗೆ ಅವಳ ಗದ್ದ, ಕಲ್ಲಿನ ಧೂಳು ಕೂತ ರೆಪ್ಪೆ, ಗಾಜಿನ ಸೀಳಿನಲ್ಲಿ ಎರಡಾದ ಮೂಗು ಕಾಣುತ್ತಿದ್ದವು. ಬೇರೆ ಆಯುಧ ಎಷ್ಟು ಸಿಕ್ಕರೂ ಅವಳು ನನ್ನನ್ನು ಬಿಡಲಿಲ್ಲ.

ನಾಲ್ಕನೆಯ ಕೋಟೆಯ ದೊರೆ ಬಂಡೆರಾಯ. ಕಾಲಿನಿಂದ ಕಿರೀಟದ ತನಕ ಕರಿಕಲ್ಲು. ಅವನನ್ನು ಮೊದಲು ಕೆಡವಿದ ತಂಡದವರ ಹೆಸರನ್ನು ಕೋಟೆಯ ಕಲ್ಲಿನ ಬಾಗಿಲಿನ ಮೇಲೆ ಕೆತ್ತಲಾಗುವುದು, ಆಟ ಇರುವ ತನಕ ಅದು ಇರುವುದು ಎಂದು ಆಟ ಮಾಡಿದವರು ಸಾರಿದ್ದರು. ಅದನ್ನು ಓದಿದ ದಿನ ಹುಲಿಗೆಮ್ಮ ಪಕ್ಕದಲ್ಲಿ ಕೂತು ಉಣ್ಣುತ್ತಿದ್ದ ಪಾಲಿಶ್ ಮಾಡುವ ರೇಣವ್ವನಿಗೆ ಹೇಳಿದಳು: "ಇದೊಂದ್ ಕಲ್ಲಿನ ಮ್ಯಾಲ ನನ್ ಹೆಸರ ಬರಬೇಕ ನೋಡಬೇ."

"ಫೋನಿನ್ಯಾಗಿನ ಕಲ್ಲು, ಹುಚ್ಚಿ."

"ಆಗ್ಲಿ. ಕಲ್ಲು ಕಲ್ಲ."

ತಂಡಕ್ಕೆ ನಾಲ್ವರು ಬೇಕು. ಹುಬ್ಬಳ್ಳಿಯ ಸಂಗನಬಸುವಿನ ತಂಡದಲ್ಲಿ ಒಬ್ಬರು ಕಡಿಮೆಯಿದ್ದರು. ಅವನೇ ನಾಯಕ, ಬೆಂಕಿಯ ಕತ್ತಿ ಅವನದು. ಗುರುನಾಥ, ವಿನಾಯಕ ಅವನ ಗೆಳೆಯರು. ನಾಲ್ವರ ಮಾತೂ ಫೋನಿನಲ್ಲೇ. ಸಂಗನಬಸು ಮೊದಲ ದಿನವೇ ಜಾಗ ತೋರಿಸಿದ: "ಅಕ್ಕಾರ, ನೀವ್ ಹಿಂದ ನಿಂತು ಬಿದ್ದವ್ರನ್ನ ಎಬ್ಬಸಾಕ ಮದ್ದು ಕೊಡ್ರಿ. ಮುಂದಿಂದು ನಮಗ ಬಿಡ್ರಿ."

ಹದಿನೇಳು ದಿನ ಅವರು ಬಂಡೆರಾಯನ ಮುಂದೆ ಸತ್ತರು. ಬೆಂಕಿ ಹಚ್ಚಿದರು: ಸೊನ್ನೆ. ವಿಷ ಸುರಿದರು: ಸೊನ್ನೆ. ಸಿಡಿಲು ಕರೆಸಿದರು: ಸೊನ್ನೆ. ಪ್ರತಿ ಸಲವೂ ಸಂಗನಬಸು, "ಬೆಂಕಿ ಕಡಿಮಿ ಬಿತ್ತಲೇ," ಎಂದು ಕತ್ತಿಗೆ ಇನ್ನಷ್ಟು ಬೆಂಕಿ ಕೂಡಿಸುತ್ತಿದ್ದ. ಕಲ್ಲಿನ ಮುಂದೆ ಇಂಥ ಮೂರ್ಖತನವನ್ನು ಕತ್ತೆಯೂ ಮಾಡದು. ಒಂದು ಸಲ ಒದ್ದು ನೋವಾದರೆ ಅದು ಕಾಲು ಬದಲಿಸುತ್ತದೆ.

"ಅಣ್ಣಾರ," ಎಂದಳು ಹುಲಿಗೆಮ್ಮ, "ಕಲ್ಲಿಗೆ ಬೆಂಕಿ ಹಚ್ಚಿದ್ರೂ ಕಡೀಕ ಪೆಟ್ಟ ಬೇಕ್ರಿ. ನಾ ಸುತ್ತಿಗಿ ತಗೊಂಡ ಮುಂದ ಬರ್ಲೇನು?"

ಮೂವರೂ ನಕ್ಕ ನಗೆ ನನಗೆ ಇನ್ನೂ ಕೇಳಿಸುತ್ತದೆ.

"ಸುತ್ತಿಗಿ ಹಿಡಕೊಂಡು ಬಾಸ್ ಮುಂದ ನಿಂದ್ರೋದ? ನಾವೇನ್ ರೋಡ್ ಕೆಲಸಕ್ಕ ಬಂದೇವೇನು?" ಎಂದ ಸಂಗನಬಸು.

"ಬುಟ್ಟಿನೂ ತರ್ರಿ ಅಕ್ಕಾರ, ಜಲ್ಲಿ ಹೊರಾಕ," ಎಂದ ಗುರುನಾಥ.

ಅವಳು ಮದ್ದಿನ ಗಡಿಗೆ ಹಿಡಿದು ಹಿಂದಿನ ಜಾಗದಲ್ಲೇ ನಿಂತಳು. ಆದರೆ ಆ ಹದಿನೇಳು ದಿನವೂ, ಅವರಿಗೆ ಮದ್ದು ಎಸೆಯುವ ನಡುವೆ, ಬಂಡೆರಾಯನ ಹಿಂದೆ ಸುಳಿದು ನನ್ನಿಂದ ಮೆಲ್ಲಗೆ ತಟ್ಟುತ್ತಿದ್ದಳು. ಅವಳ ಅಪ್ಪ ಹೇಳಿಕೊಟ್ಟ ಕೆಲಸ ಅದು: ಬಂಡೆಯನ್ನು ಮೊದಲು ಹೊಡೆಯಬಾರದು, ತಟ್ಟಿ ಕೇಳಬೇಕು, ಗಟ್ಟಿ ಕಲ್ಲು ಟಣ್ ಎನ್ನುತ್ತದೆ, ಒಳಗೆ ಸೀಳಿದ್ದ ಕಲ್ಲು ಡಬ್ ಎನ್ನುತ್ತದೆ. ಪಾದ ಟಣ್. ತೊಡೆ ಟಣ್. ಎಡ ಮೊಣಕಾಲು ಡಬ್. ಆಟದ ಹಾಡನ್ನು ಜೋರು ಮಾಡಿಕೊಂಡು ಅಂಕಿ ನೋಡುತ್ತಿದ್ದ ಆ ಮೂವರಿಗೆ ಅದು ಕೇಳಿಸುವುದಾದರೂ ಹೇಗೆ?

ಹದಿನೆಂಟನೆಯ ದಿನ ಮೂವರೂ ಬೇಗನೆ ನೆಲಕ್ಕೆ ಬಿದ್ದರು. ಬಿದ್ದವರು ಆಡಲಾರರು, ಬೈಯಬಲ್ಲರು.

"ಏ, ಮದ್ದು ಕೊಡು! ಮೊದಲ ನನ್ನ ಎಬ್ಬಸು!" ಸಂಗನಬಸು ಕೂಗಿದ. 'ಅಕ್ಕಾರ' ಎಲ್ಲೋ ಉದುರಿಹೋಗಿತ್ತು.

"ತಡೀರಿ ಒಂಚೂರು," ಎಂದು ಅವಳು ಮದ್ದಿನ ಗಡಿಗೆ ಬಿಸಾಕಿ ನನ್ನನ್ನು ಎರಡೂ ಕೈಯಲ್ಲಿ ಎತ್ತಿದಳು.

ಎಡ ಮೊಣಕಾಲಿಗೆ ಬಿದ್ದೆ. ಕೆಂಪು! ನನ್ನ ಬಾಳಿನಲ್ಲಿ ಮೊದಲ ಸಲ ಕೆಂಪು ಅಂಕಿ. ಮತ್ತೆ ಬಿದ್ದೆ, ಮತ್ತೆ ಬಿದ್ದೆ. ನನ್ನ ಎಡ ಮೂಲೆ ಚಕ್ಕೆ ಎದ್ದಿತು. ಮಂತ್ರದ ಮನೆತನದವರೆಲ್ಲ ಸೇರಿ ಗೀರಲಾಗದ ದೊರೆ, ಕೂಲಿಯವನ ಸುತ್ತಿಗೆಗೆ ಮೊಣಕಾಲು ಬಿರಿದು ವಾಲಿದ. ಅಷ್ಟು ದೊಡ್ಡ ಕಲ್ಲು ನೆಲಕ್ಕೆ ಬೀಳಲು ಮೂರು ಎಣಿಕೆ ಹಿಡಿಯುತ್ತದೆ. ತಲೆ ನೆಲ ಮುಟ್ಟಿದಾಗ ತಂಡದಲ್ಲಿ ಇದ್ದವರ ಹೆಸರು ಬಾಗಿಲಿಗೆ ಹೋಗುತ್ತದೆ.

ಆ ಮೂರು ಎಣಿಕೆಯಲ್ಲಿ, ಸತ್ತು ಬಿದ್ದಲ್ಲಿಂದಲೇ, ಸಂಗನಬಸು ಅವಳನ್ನು ತಂಡದಿಂದ ತೆಗೆದುಹಾಕಿದ. ನಾಯಕನಿಗೆ ಆ ಗುಂಡಿ ಒತ್ತಲು ಜೀವ ಬೇಕಿಲ್ಲ. ತೆಗೆಯಲ್ಪಟ್ಟವರ ಕೈಯಲ್ಲಿದ್ದ ಆಯುಧ ಅಲ್ಲೇ ಉಳಿಯಬೇಕೆಂಬುದು ಆ ಲೋಕದ ನಿಯಮ. ಅವಳು ಮಾಯವಾದಳು, ನಾನು ನೆಲಕ್ಕೆ ಬಿದ್ದೆ. ಬಾಗಿಲಿನ ಮೇಲೆ ಮೂರು ಹೆಸರು ಮೂಡಿದವು.

"ನನ್ ಹೆಸರಣ್ಣಾರ?" ಎಂದು ಅವಳು ಅವನಿಗೆ ಬರೆದಳು.

"ಮದ್ದು ಕೊಡಂದ್ರ ಕೊಡಲಿಲ್ಲ. ಹೇಳಿದ ಮಾತು ಕೇಳದವ್ರಿಗೆ ಹೆಸರ್ಯಾಕ? ಅಷ್ಟ ಚಟ ಇದ್ರ ನಿಮ್ಮ ಫ್ಯಾಕ್ಟರ್ಯಾಗ ಒಂದ ಕಲ್ಲ ಹಿಡದು ಕೆತ್ತಿಕೋ."

ನನ್ನನ್ನು ಅವನು ಆಟದೊಳಗಿನ ತನ್ನ ಮನೆಯ ಗೋಡೆಗೆ ತೂಗುಹಾಕಿದ. ಕೆಳಗೆ ಬರೆದದ್ದು: 'ಬಂಡೆರಾಯನನ್ನು ಕೊಂದ ಸುತ್ತಿಗೆ. ವೀರ ಸಂಗನಬಸು.' ಓದುವವರೇ, ಕೋಳಿಗೂಡಿನಲ್ಲಿ ಬಿದ್ದಾಗ ನಾನು ಹೊಲಸಾಗಿರಲಿಲ್ಲ. ಆ ಗೋಡೆಯ ಮೇಲೆ ಆದೆ.

ಅಷ್ಟರಲ್ಲಿ ದೊಡ್ಡ ದೊಡ್ಡ ಕತ್ತಿಯವರು ಆಟ ಮಾಡಿದವರಿಗೆ ದೂರು ಬರೆದರು: ದೊರೆಯೊಬ್ಬ ಕೂಲಿಯ ಸುತ್ತಿಗೆಗೆ ಸಾಯುವುದು ಆಟಕ್ಕೇ ಅವಮಾನ. ಮಾಡಿದವರು ಒಂದೇ ವಾರದಲ್ಲಿ ಒಪ್ಪಿದರು. ಬಂಡೆರಾಯ ಮರಳಿ ಎದ್ದ. ಜಜ್ಜುವುದಕ್ಕೂ ಅವನಿಗೆ ತಡೆ ಬರೆಯಲಾಯಿತು. ಬಡವರ ಕೈಯ ಆಯುಧ ಒಮ್ಮೆ ನಾಟಿತು ಎಂದರೆ ಆಳುವವನ ಚರ್ಮ ದಪ್ಪ ಮಾಡುತ್ತಾರೆ. ಇದನ್ನು ನಾನು ಯಾವ ಪುಸ್ತಕದಲ್ಲಿ ಓದಿ ಕಲಿಯಬೇಕು? ಸುದ್ದಿ ತಿಳಿಯದ ಸಂಗನಬಸು ನಾಲ್ಕು ಜನರಿಗೆ ತೋರಿಸಲು ನನ್ನನ್ನು ಗೋಡೆಯಿಂದ ಇಳಿಸಿ ಒಯ್ದ. ಸೊನ್ನೆ. ಸೊನ್ನೆ. ಸೊನ್ನೆ. ನೋಡುತ್ತಿದ್ದವರು ನಕ್ಕರು. "ಥೂ, ಕೂಲಿ ಸಾಮಾನು ಕೂಲಿ ಸಾಮಾನ!" ಎಂದು ನನ್ನನ್ನು ಗುಜರಿ ಗುಂಡಿಗೆ ಎಸೆದ.

ಆ ಗುಂಡಿಯಿಂದ ಯಾರು ಏನು ಬೇಕಾದರೂ ಎತ್ತಿಕೊಳ್ಳಬಹುದು. ಹೊಸದಾಗಿ ಆಟಕ್ಕೆ ಸೇರಿದ ರೇಣವ್ವನಿಗೆ ಆಯುಧ ಹುಡುಕಲು ಹುಲಿಗೆಮ್ಮ ಬಂದಳು. ಒಂದೇ ಬಗೆಯ ನೂರು ಸುತ್ತಿಗೆಗಳ ನಡುವೆ ಎಡ ಮೂಲೆಯ ಚಕ್ಕೆ ನೋಡಿ ನನ್ನನ್ನು ಎತ್ತಿದಳು.

"ಬಂಡೆರಾಯಗ ಈಗ ಇದೂ ನಾಟೂದಿಲ್ಲಂತಲ್ಲಬೇ," ಎಂದಳು ರೇಣವ್ವ.

"ಬಂಡೆರಾಯನ ಸುದ್ದಿ ಯಾರ ಎತ್ತಿದ್ರು? ನಡಿ."

ಅವಳು ಕೋಟೆಯೊಳಗೆ ಹೋಗಲಿಲ್ಲ. ಬಾಗಿಲಿನ ಮುಂದೆ ನಿಂತು, ಮೂರು ಹೆಸರಿನ ಸುತ್ತ ನನ್ನಿಂದ ತಟ್ಟಿದಳು. ಟಣ್. ಟಣ್. ಸಂಗನಬಸುವಿನ ಹೆಸರಿನ ಕೆಳಗೆ, ಡಬ್.

ಎತ್ತಿ ಹೊಡೆದಳು. ಕೆಂಪು.

ದೊರೆಗೆ ಎಲ್ಲ ಬಗೆಯ ತಡೆ ಬರೆದವರು ಬಾಗಿಲಿಗೆ ಒಂದನ್ನೂ ಬರೆದಿರಲಿಲ್ಲ. ಹೆಸರುಗಳಿಗೆ ಹೊಡೆಯುವ ಕೈಯೊಂದು ಬಂದೀತೆಂದು ಅವರಿಗೆ ಹೊಳೆದೇ ಇರಲಿಲ್ಲ. ನನ್ನ ಹಿಡಿ ಬಿರಿಯಿತು. ಅವಳು ನಿಲ್ಲಿಸಲಿಲ್ಲ, ನಿಲ್ಲಿಸು ಎಂದು ನಾನೂ ಬೇಡಲಿಲ್ಲ. ಊಟದ ಬಿಡುವು ಮುಗಿದ ಸೈರನ್ ಕೂಗುವ ಹೊತ್ತಿಗೆ ಬಾಗಿಲು ಅಡ್ಡಡ್ಡ ಸೀಳಿ ಕೆಳಗೆ ಬಂತು. ಮೂರು ಹೆಸರೂ ಜಲ್ಲಿಯಾದವು.

"ಇನ್ನ ನಿನ್ ಹೆಸರ ಕೆತ್ತೂದಿಲ್ಲೇನ?" ರೇಣವ್ವ ಕೇಳಿದಳು.

ಹುಲಿಗೆಮ್ಮ ರೆಪ್ಪೆಯ ಧೂಳು ಒರೆಸಿಕೊಂಡಳು. "ದಿನಾ ಕೆತ್ತೂದ ಐತಿ. ಇವತ್ತ ಒಡದೆ."

ನಾನು ಈಗ ಆ ಜಲ್ಲಿಯ ಮೇಲೆ ಹಿಡಿ ಮುರಿದು ಬಿದ್ದಿದ್ದೇನೆ. ಬಾಗಿಲಿಲ್ಲದ ಕೋಟೆ ನೋಡಲು ದಿನಾ ಜನ ಬರುತ್ತಾರೆ. ಇದನ್ನು ಯಾರು ಮಾಡಿದರು ಎಂದು ಒಬ್ಬರನ್ನೊಬ್ಬರು ಕೇಳುತ್ತಾರೆ. ಗೊತ್ತಿದ್ದವರು ಹುಲಿಗೆಮ್ಮ ಎನ್ನುತ್ತಾರೆ. ಆ ಹೆಸರನ್ನು ಯಾರೂ ಕೆತ್ತಿಲ್ಲ, ಹಾಗಾಗಿ ಯಾವ ನಾಯಕ ಗುಂಡಿ ಒತ್ತಿದರೂ ಅದು ಅಳಿಯುವುದಿಲ್ಲ. ನಾಳೆ ಹೊಸ ಬಾಗಿಲು ತಂದು ನಿಲ್ಲಿಸುತ್ತಾರೆ. ಅದಕ್ಕೆ ಏಳು ಬಗೆಯ ತಡೆ ಬರೆಯುತ್ತಾರೆ. ಬರೆಯಲಿ. ಬಾಗಿಲು ನಿಲ್ಲಲು ಗೋಡೆ ಬೇಕಲ್ಲ? ನಿನ್ನೆ ಊಟದ ಬಿಡುವಿನಲ್ಲಿ ಇಬ್ಬರು ಹೆಂಗಸರು ಬಂದು ಗೋಡೆಯನ್ನು ತಟ್ಟಿ ಹೋಗಿದ್ದಾರೆ.