ಕೊಪ್ದಾರ್‌ಗೆ ಒಬ್ಬಳೇ ಬಾ

"ಹೋಗ್ಲಿ ಬಿಡಮ್ಮ. ಏನೂ ಆಗ್ಲಿಲ್ವಲ್ಲ? ಮರ್ಯಾದಸ್ಥರು, ಮಗಳ ಮದುವೆ ಬೇರೆ ಇದೆ."

ಫೋನಿನಲ್ಲಿ ಕನ್ನಡ ಸಂಘದ ಭಾನುಮತಿ ಆಂಟಿ. ಮಹತಿ ಸಿಡುಕಿದಳು.

"ಯಾಕೆ ಏನೂ ಆಗ್ಲಿಲ್ಲ ಹೇಳಿ ಆಂಟಿ? ನಾವು ಐದು ಜನ ಹೋಗಿದ್ವಿ, ಅದಕ್ಕೆ."

ಸಂಘದ ಯುಗಾದಿ ಊಟಕ್ಕೆ ರೂಮ್‌ಮೇಟ್ ರೆತ್ನೋಳನ್ನು ಆಸ್ಟಿನ್‌ನಿಂದ ಡಾಲಸ್ ಪಕ್ಕದ ಪ್ಲೇನೋಗೆ ಕರೆದುಕೊಂಡು ಹೋದವಳು ಮಹತಿಯೇ. ತನ್ನ ದೇಶ ಇಂಡೋನೇಷ್ಯಾದಲ್ಲಿ ಚಾಟ್ ಮಾಡುವಾಗ ನಗು ಬಂದರೆ 'ವ್ಕ್‌ವ್ಕ್‌ವ್ಕ್' ಎಂದು ಟೈಪ್ ಮಾಡುತ್ತಾರೆ ಎಂದು ರೆತ್ನೋ ಹೇಳಿದಾಗ ಪಂಕ್ತಿಗೆ ಪಂಕ್ತಿಯೇ ನಕ್ಕಿತ್ತು. ಮರುವಾರವೇ ದಿಮಾಸ್ ಎಂಬವನೊಬ್ಬ ರೆತ್ನೋಳ ಚಾಟ್‌ಗೆ ಬಂದ. ತನ್ನದೂ ಇಂಡೋನೇಷ್ಯಾದ ಮನೆತನ, ಹುಟ್ಟಿದ್ದು ಮಾತ್ರ ಟೆಕ್ಸಾಸ್, ಭಾಷೆ ಮರೆತಿದೆ, ಕಲಿಸು ಎಂದ. ಮಾತುಮಾತಿಗೂ ವ್ಕ್‌ವ್ಕ್‌ವ್ಕ್. ಊರ ನೆನಪಲ್ಲಿ ಒಣಗಿದ್ದ ಹುಡುಗಿ ಒಂದೊಂದೇ ಮಾತು ಕಲಿಸಿದಳು, 'ಕೊಪ್ದಾರ್' ಕೂಡ: ಚಾಟ್‌ನ ಗೆಳೆಯರು ಮುಖಾಮುಖಿ ಸೇರುವುದು.

ಕಲಿತವನು ಬರೆದ: ಕೊಪ್ದಾರ್ ಮಾಡೋಣ, ಕೆಂಪು ಟೋಪಿ ಹಾಕಿರ್ತೀನಿ, ಒಬ್ಬಳೇ ಬಾ.

ರೆತ್ನೋ ಹುಬ್ಬು ಗಂಟಿಕ್ಕಿದಳು. "ಒಬ್ಬಳೇ ಹೋದರೆ ಅದೆಂಥ ಕೊಪ್ದಾರ್? ನಮ್ಮಲ್ಲಿ ಗುಂಪೇ ಹೋಗುತ್ತೆ."

ಮಹತಿಯೂ ಸೇರಿ ಐವರು ಹೊರಟರು; ಕ್ಲಾಸ್‌ಮೇಟ್ ದರ್ಶನ್ ಡ್ರೈವ್ ಮಾಡಿದ. ಡಾಲಸ್‌ನ ಮಾಲ್‌ನಲ್ಲಿ, ಕಾಫಿ ಅಂಗಡಿಯ ಮೂಲೆಯಲ್ಲಿ, ಕೆಂಪು ಟೋಪಿಯಡಿ ಕೂತಿದ್ದವರು ವೆಂಕಟಗಿರಿ ಅಂಕಲ್! ಸಂಘದ ಪ್ರತಿ ಸಭೆಗೂ ಮೊದಲು ಕಣ್ಣು ಮುಚ್ಚಿ ವಚನ ಹಾಡುವವರು. ಆ ಕಂಠಕ್ಕೆ ಮಹತಿ ಎಷ್ಟು ಸಲ ಕಣ್ಣೀರು ಹಾಕಿದ್ದಳೋ.

"ತಮಾಷೆಗೆ ಕಣಮ್ಮಾ," ಎಂದಿದ್ದರು.

ಈಗ ಫೋನಿನಲ್ಲಿ ಮಹತಿ ಬಿಡಲಿಲ್ಲ. "ಆಂಟಿ, ಶನಿವಾರ ಓದೋಕೆ ಹೊಸ ಹುಡುಗೀರು ಬರ್ತಿದಾರೆ. ಏರ್‌ಪೋರ್ಟಿಗೆ ಯಾರು ಹೋಗೋದು?"

"ಪ್ರತಿ ವರ್ಷ ಅವರೇ ಅಲ್ವಾ? ಈಗ ಬದಲಾಯಿಸಿದ್ರೆ ಜನ ಏನಂತಾರೆ?"

ಮಹತಿ ಫೋನ್ ಕುಕ್ಕಿದಳು.

ಶನಿವಾರ ಮಹತಿ, ರೆತ್ನೋ ಏರ್‌ಪೋರ್ಟ್ ಸೇರುವ ಹೊತ್ತಿಗೆ ಅಂಕಲ್ ಸಂಘದ ಸ್ವಾಗತದ ಬೋರ್ಡನ್ನು ಕಂಕುಳಲ್ಲಿ ಇರುಕಿಕೊಂಡು, ಬೆಂಗಳೂರಿಂದ ಆಗಷ್ಟೇ ಇಳಿದ ತುಂಗಾ, ಅಪೇಕ್ಷಾ ಇಬ್ಬರ ಟ್ರಾಲಿ ತಳ್ಳುತ್ತಿದ್ದರು. "ನಮ್ಮ ಮನೇನೇ ನಿಮ್ಮ ತವರುಮನೆ ಅಂತ ತಿಳ್ಕೊಳ್ಳಿ," ಅನ್ನುತ್ತಿದ್ದರು.

"ಟ್ರಾಲಿ ಬಿಡಿ," ಎಂದಳು ಮಹತಿ.

"ನಿಧಾನ ಕಣಮ್ಮ, ಜನ ನೋಡ್ತಾರೆ."

"ನೋಡ್ಲಿ ಅಂತಾನೇ ಬಂದಿರೋದು!" ಅವಳ ದನಿ ಮೇಲೆದ್ದಿತು. "ತುಂಗಾ, ಅಪೇಕ್ಷಾ, ಸರಿಯಾಗಿ ಕೇಳಿಸ್ಕೊಳ್ಳಿ. ಈ ಮನುಷ್ಯ ಸುಳ್ಳು ಹೆಸರಿಟ್ಕೊಂಡು, ಮಗಳ ವಯಸ್ಸಿನ ಈ ಹುಡುಗೀನ ಒಬ್ಬಳೇ ಬಾ ಅಂತ ಕರೆದ."

ಬೇರೆ ಹೊಸ ವಿದ್ಯಾರ್ಥಿಗಳನ್ನು ಕರೆದೊಯ್ಯಲು ಬಂದಿದ್ದ ಕನ್ನಡದ ಸಂಸಾರಗಳು ಗಕ್ಕನೆ ತಿರುಗಿದವು.

ಕನ್ನಡ ಅರ್ಥವಾಗದಿದ್ದರೂ ಅಂಕಲ್ ಮುಖ ಅರ್ಥವಾಗಿ, ರೆತ್ನೋ ಮುಂದೆ ಬಂದು ಅವರ ಕಂಕುಳಿಂದ ಬೋರ್ಡ್ ಎಳೆದುಕೊಂಡಳು. ಟ್ರಾಲಿಯ ಹಿಡಿಯ ಮೇಲೆ ಅವರ ಕೈ ಇನ್ನೂ ಇತ್ತು. ತುಂಗಾ ಅದನ್ನು ತಾನೇ ಕಿತ್ತು ತೆಗೆದಳು.