ಬಿಸಿ ಚಿಪ್ಪು

ಸೈನ್ಯದ ರೈಫಲ್ಲು ಒಂದು ಗುಂಡು ಹಾರಿದ ಕೂಡಲೇ ಅದರ ಖಾಲಿ ಚಿಪ್ಪನ್ನು ಹೊರಗೆಸೆದು ಮುಂದಿನದನ್ನು ತಾನೇ ತುಂಬಿಕೊಳ್ಳುತ್ತದೆ. ಜನರಿಗೆ ಮಾರುವಾಗ ಆ ಕೆಲಸ ಮಾಡಿಸುವ ಮದ್ದಿನ ಗ್ಯಾಸ್ ನುಗ್ಗುವ ತೂತನ್ನು ಮುಚ್ಚಿಬಿಡುತ್ತಾರೆ. ಆಮೇಲೆ ಪ್ರತಿ ಗುಂಡಿಗೂ ಕೈಯಿಂದ ಪಕ್ಕದ ಹಿಡಿ ಎಳೆಯಲೇಬೇಕು. ಅಂಥವನ್ನು ರಿಪೇರಿ ಮಾಡುವುದೇ ನಮ್ಮ ಕಸುಬು.

ಪರೀಕ್ಷೆಗೆಂದು ಗುಂಡು ಹೊಡೆದ ಮೇಲೆ ನನ್ನ ಮಾವ ಹಿಡಿ ಎಳೆಯುವುದಿಲ್ಲ. ಖಾಲಿ ಚಿಪ್ಪು ಒಳಗೇ ಕೂತಿದ್ದರೆ ಬಂದೂಕು ಹಲ್ಲು ಕಿತ್ತ ಹಾವು ಎಂಬುದು ಅವರ ವಾದ. ನಾನೆಷ್ಟು ಜಗಳವಾಡಿದರೂ ಕಿವಿಗೆ ಹಾಕಿಕೊಂಡವರಲ್ಲ.

ಇವತ್ತೂ ಹಾಗೇ ಮಾಡಿದರು. ಹೊಸ ಗಿರಾಕಿಯ ರೈಫಲ್ಲಿನಿಂದ ಒಂದೇ ಒಂದು ಗುಂಡು ಹೊಡೆದು, ಉಳಿದ ಗುಂಡುಗಳಿದ್ದ ಮ್ಯಾಗಜಿನ್ ಕಳಚಿಟ್ಟು, ಅದನ್ನು ಅಂಗಡಿಗೆ ಒಯ್ದರು. ಪರೀಕ್ಷೆಯ ಕೋಣೆ ಗುಡಿಸಲು ಹೋದ ನನ್ನ ಕಾಲಿಗೆ ಏನೋ ತಾಗಿತು. ಖಾಲಿ ಚಿಪ್ಪು. ಇನ್ನೂ ಬಿಸಿಯಾಗಿತ್ತು.

ಒಳಗಿರಬೇಕಾದದ್ದು ಹೊರಗಿದೆ. ಯಾವನೋ ಪಾಪಿ ಆ ತೂತನ್ನು ಮತ್ತೆ ತೆರೆದಿದ್ದಾನೆ. ಹಾಗಾದರೆ ಈಗ ಒಳಗಿರುವುದು ಜೀವಂತ ಗುಂಡು!

ಬಾಗಿಲಿಗೆ ಓಡಿದೆ. ಮಾವ ರೈಫಲ್ಲನ್ನು ಮೊಣಕಾಲುಗಳ ನಡುವೆ ನಿಲ್ಲಿಸಿ, ನಳಿಗೆಯ ಬಾಯಿಗೆ ಕಣ್ಣು ಒತ್ತಿದ್ದರು. ಎಣ್ಣೆಬಟ್ಟೆ ಹಿಡಿದ ಕೈ ಟ್ರಿಗರ್ ಬಳಿ ಆಡುತ್ತಿತ್ತು. ಕಿರುಚಿದರೆ ಬೆಚ್ಚಿಬೀಳುತ್ತಾರೆ.

"ಮಾವ, ಕಾಫಿ ಆರ್ತಾ ಇದೆ."

"ತಡಿಯಮ್ಮ, ಇಲ್ಲೇನೋ ಗೀರಿದೆ."

"ಅದನ್ನ ಕೆಳಗಿಟ್ಟು ಬನ್ನಿ. ಮತ್ತೆ ಬಿಸಿ ಮಾಡಲ್ಲ ನಾನು."

"ನೀನು ಸೊಸೆಯೋ ನನ್ನ ಅತ್ತೆಯೋ!" ಎಂದು ಗೊಣಗುತ್ತಾ ಮೇಜಿನ ಮೇಲಿಟ್ಟರು.

ನಳಿಗೆಯನ್ನು ಮರಳಿನ ಚೀಲದತ್ತ ತಿರುಗಿಸಿ ಹಿಡಿ ಎಳೆದೆ. ಹೊರಬಿದ್ದ ಗುಂಡು ಉರುಳಿ ಅವರ ಚಪ್ಪಲಿಗೆ ತಾಗಿ ನಿಂತಿತು. ಮಾವ ತಲೆಯೆತ್ತಿ ನನ್ನನ್ನು ನೋಡಿದರು. ಅವರ ಬಲಗಣ್ಣಿನ ಸುತ್ತ ನಳಿಗೆಯ ಎಣ್ಣೆ ಉಂಗುರದಂತೆ ಅಂಟಿತ್ತು.